ಗ್ರೀಕ್ ಅಕ್ಷರ, ತುರ್ಕಿ ಮಾತು: ಕರಮನ್ಲಿಗಳ ಲೆಕ್ಕ

19ನೇ ಶತಮಾನದ ಇಸ್ತಾಂಬುಲ್‌ನಲ್ಲಿ ಅಚ್ಚಾದ ಕೆಲವು ಪುಸ್ತಕಗಳನ್ನು ಗ್ರೀಕ್ ಬಲ್ಲವರು ತೆರೆದರೆ ಅಕ್ಷರಗಳೆಲ್ಲ ಪರಿಚಿತ, ಅರ್ಥ ಮಾತ್ರ ಶೂನ್ಯ. ಅದನ್ನೇ ಗಟ್ಟಿಯಾಗಿ ಓದಿದರೆ ಪಕ್ಕದಲ್ಲಿರುವ ತುರ್ಕಿಯವರಿಗೆ ತಿಳಿಯುತ್ತದೆ. ಇವು ಕರಮನ್ಲಿಗಳ ಪುಸ್ತಕಗಳು. ಈಗಿನ ತುರ್ಕಿಯ ನಡುಭಾಗದ ಕಪಡೋಕಿಯ ಸೀಮೆಯ ಈ ಆರ್ಥೊಡಾಕ್ಸ್ ಕ್ರೈಸ್ತರ ಮನೆಮಾತು ತುರ್ಕಿ, ಲಿಪಿ ಗ್ರೀಕ್. ಕನ್ನಡ ಲಿಪಿಯಲ್ಲಿ ಕೊಂಕಣಿ ಓದುವ ಮಂಗಳೂರಿನವರಿಗೆ ಇದರಲ್ಲಿ ವಿಚಿತ್ರವೇನೂ ಕಾಣದು.

ಓದುವಾಗ ಚುಕ್ಕಿಯ ಮೇಲೆ ಕಣ್ಣಿರಲಿ. ಗ್ರೀಕಿನ ‘ಪಿ’ ಮೇಲೆ ಚುಕ್ಕಿ ಬಿದ್ದರೆ ಬಕಾರ, ‘ಟಾಫ್’ ಮೇಲೆ ದಕಾರ, ‘ಸಿಗ್ಮಾ’ ಮೇಲೆ ಶಕಾರ. ಮುದ್ರಣ ಮಾಸಿ ಚುಕ್ಕಿ ಅಳಿಸಿದ್ದರೆ ‘ಬಾಶ್’ (ತಲೆ) ಎಂಬುದು ‘ಪಾಸ್’ (ತುಕ್ಕು) ಆಗಿಬಿಡುತ್ತದೆ. ಇನ್ನು ಚುಕ್ಕಿಯನ್ನೇ ಇಡದ ಪುಸ್ತಕವಾದರೆ ಸಂದರ್ಭ ನೋಡಿ ಊಹಿಸಬೇಕು, ಬೇರೆ ದಾರಿಯಿಲ್ಲ.

ಇವರು ಗ್ರೀಕರೋ ತುರ್ಕರೋ ಎಂಬ ಪ್ರಶ್ನೆ ಒಟ್ಟೊಮನ್ ದಫ್ತರಕ್ಕೆ ಬಹುಕಾಲ ಬೇಕಿರಲಿಲ್ಲ. ಅದು ಜನರನ್ನು ಎಣಿಸಿದ್ದು ಧರ್ಮದ ಮೇಲೆ. ಇಸ್ತಾಂಬುಲ್‌ನ ಪೇಟ್ರಿಯಾರ್ಕ್, ಅಂದರೆ ಆರ್ಥೊಡಾಕ್ಸ್ ಚರ್ಚಿನ ಮುಖ್ಯಗುರು, ಅವನ ಕೈಕೆಳಗಿದ್ದ ‘ರೂಮ್ ಮಿಲ್ಲೆತ್’ ಎಂಬ ಆರ್ಥೊಡಾಕ್ಸ್ ಸಮುದಾಯದಲ್ಲಿ ಬಲ್ಗೇರಿಯನ್ನರು, ಲ್ಯಾಟಿನ್ ಮೂಲದ ಮಾತಾಡುವ ವ್ಲಾಖರು, ಅರಬ್ ಆರ್ಥೊಡಾಕ್ಸರು ಎಲ್ಲ ಒಂದೇ ಬುಟ್ಟಿ. 1870ರಲ್ಲಿ ಸುಲ್ತಾನನ ಫರ್ಮಾನು ಬಲ್ಗೇರಿಯನ್ನರಿಗೆ ಬೇರೆ ಚರ್ಚ್ ಕೊಟ್ಟಿತು. ಯಾವ ಸೀಮೆಯ ಆರ್ಥೊಡಾಕ್ಸರಲ್ಲಿ ಮೂರನೇ ಎರಡು ಪಾಲು ಬಯಸುತ್ತಾರೋ ಆ ಸೀಮೆಯೂ ಅದಕ್ಕೆ ಸೇರಬಹುದು ಎಂದಿತು. ಗೋಳು ಶುರುವಾದದ್ದೇ ಅಲ್ಲಿ. ಮೆಸಿಡೋನಿಯದ ಹಳ್ಳಿಗಳನ್ನು ಒಲಿಸಿಕೊಳ್ಳಲು ಎರಡೂ ಚರ್ಚುಗಳ ಕಡೆಯಿಂದ ಮೊದಲು ಮೇಷ್ಟ್ರು, ಪಾದ್ರಿ ಬಂದರು. ಆಮೇಲೆ ಬಂದೂಕು ಬಂತು. ಹಾಗಾಗಿ ಆ ಕಾಲದ ಪಟ್ಟಿಯಲ್ಲಿ ‘ಗ್ರೀಕರು ಇಷ್ಟು’ ಎಂದು ಕಂಡರೆ, ಎಣಿಸಿದವರು ಯಾರು, ಎಣಿಸಿದ್ದು ಚರ್ಚನ್ನೋ ಮಾತನ್ನೋ ಎಂದು ನೋಡದೆ ಆ ಅಂಕಿ ಬಳಸಬಾರದು.

1923ರ ಜನವರಿ 30ರಂದು ಸ್ವಿಟ್ಜರ್ಲೆಂಡಿನ ಲೊಸಾನ್‌ನಲ್ಲಿ ಸಹಿಯಾದ, ತುರ್ಕಿಯ ಆರ್ಥೊಡಾಕ್ಸರನ್ನು ಗ್ರೀಸಿಗೂ ಗ್ರೀಸಿನ ಮುಸ್ಲಿಮರನ್ನು ತುರ್ಕಿಗೂ ಕಳುಹಿಸುವ ಜನವಿನಿಮಯ ಒಪ್ಪಂದವೂ ಹಳೇ ದಫ್ತರದ ಅಳತೆಗೋಲನ್ನೇ ಹಿಡಿಯಿತು. ಗ್ರೀಸ್, ತುರ್ಕಿ ಎರಡೂ ಹೊಸಕಾಲದ ರಾಷ್ಟ್ರಗಳೇ, ಆದರೆ ಭಾಷೆ ಕೇಳಲಿಲ್ಲ. ತುರ್ಕಿ ಆಡುವ ಕರಮನ್ಲಿಗಳು ಗ್ರೀಸಿಗೆ, ಗ್ರೀಕ್ ಆಡುವ ಕ್ರೀಟ್ ಮುಸ್ಲಿಮರು ತುರ್ಕಿಯ ಐವಾಲಿಕ್ ಕಡೆಗೆ. ಸುಮಾರು 12 ಲಕ್ಷ ಕ್ರೈಸ್ತರಲ್ಲಿ ಹೆಚ್ಚಿನವರು 1922ರಲ್ಲಿ, ಗ್ರೀಕ್-ತುರ್ಕಿ ಯುದ್ಧದ ವೇಳೆಗೇ ಓಡಿಬಂದಿದ್ದರು; ಕಪಡೋಕಿಯದವರು ಬಹುತೇಕ ಹೊರಟದ್ದು 1924ರಲ್ಲಿ. ಅಲ್ಲಿನ ಗೆಲ್ವೆರಿ ಊರಿನವರು ಸಂತ ಗ್ರೆಗರಿಯ ಅಸ್ಥಿಯನ್ನೂ ಹೊತ್ತು ತಂದು ಗ್ರೀಸಿನ ಕವಾಲಾ ಬಳಿ ನೆಯಾ ಕರ್ವಾಲಿ ಕಟ್ಟಿಕೊಂಡರು.

‘ನಾವು ತುರ್ಕರೇ’ ಎಂದು ಅಂಕಾರಾದ ತುರ್ಕಿ ರಾಷ್ಟ್ರೀಯ ಸರಕಾರದ ಪರ ನಿಂತು, 1922ರಲ್ಲಿ ಕೈಸೇರಿಯಲ್ಲಿ ತುರ್ಕಿ ಆರ್ಥೊಡಾಕ್ಸ್ ಚರ್ಚ್ ಕಟ್ಟಿದ ಪಾದ್ರಿ ಪಾಪಾ ಎಫ್ತಿಮ್‌ಗೆ ಈ ವಿನಿಮಯದಿಂದ ವಿನಾಯಿತಿ ಸಿಕ್ಕಿತು, ಅವನ ಮನೆಯವರಿಗೂ ಸಿಕ್ಕಿತು. ಅವನು ಯಾರ ಪರವಾಗಿ ವಾದಿಸಿದ್ದನೋ ಆ ಜನಕ್ಕೆ ಸಿಗಲಿಲ್ಲ.