ಬಂಡೆಯಾದ ಕೈ

18 ಫೆಬ್ರವರಿ 2024, ಭಾನುವಾರ, ಚಿತ್ರದುರ್ಗ

ರಾತ್ರಿ ಹತ್ತೂವರೆ ಆಗಿದೆ. ಮೊಣಕೈ ಮಡಿಕೆಯಲ್ಲಿ ಇನ್ನೂ ಒಂದು ಗೆರೆಯಷ್ಟು ಬೂದು ಬಣ್ಣ ಉಳಿದಿದೆ. ತಿಕ್ಕಿ ತೆಗೆಯಲು ಮನಸ್ಸು ಬರುತ್ತಿಲ್ಲ.

ತಂಗಿಯ ಮಗಳು ಚಿನ್ನಿ ಬೆಳಗಿನ ಬಸ್ಸಿಗೇ ದಾವಣಗೆರೆಯಿಂದ ಬಂದಿದ್ದಳು. ದೃಶ್ಯಕಲಾ ಕಾಲೇಜಿನಲ್ಲಿ ಅವಳಿಗೆ ಇದು ಕೊನೆಯ ವರ್ಷ. "ದೊಡ್ಡಮ್ಮ, ಮೂರು ಗಂಟೆ ನಿನ್ನ ಬಲಗೈ ನಂಗೆ ಬೇಕು" ಅಂದಳು. ಹಿತ್ತಲ ಬಂಡೆ ಮೇಲೆ ಕೈ ಚಾಚಿ ಕೂತೆ. ಕೈ ಯಾವುದು, ಕಲ್ಲು ಯಾವುದು ಅಂತ ತಿಳಿಯಬಾರದು, ಹಾಗೆ ಬಣ್ಣ ಹಚ್ಚಬೇಕಿತ್ತು ಅವಳಿಗೆ. ಕ್ಯಾನ್ವಾಸಿನ ಅಕ್ರಿಲಿಕ್ ಚರ್ಮಕ್ಕೆ ಒಳ್ಳೇದಲ್ಲವಂತೆ. ಮೈಗೆಂದೇ ಮಾಡಿದ, ನೀರಿಗೆ ಬಿಡುವ ಬಣ್ಣ ತಂದಿದ್ದಳು. ಹೋದ ವಾರವೇ ಮಣಿಕಟ್ಟಿಗೆ ಒಂದು ಚುಕ್ಕೆ ಇಟ್ಟು, ಕಡಿತ ಬರುತ್ತಾ ಅಂತ ನೋಡಿಕೊಂಡಿದ್ದಳು.

ಹಚ್ಚುತ್ತಲೇ ಚೀನಾದ ಕಲಾವಿದ ಲಿಯು ಬೊಲಿನ್ ಕತೆ ಹೇಳಿದಳು. 2005ರಲ್ಲಿ ಬೀಜಿಂಗಿನಲ್ಲಿ ಕಲಾವಿದರಿದ್ದ ಊರನ್ನು ಕೆಡವಿದರು. ಅವನ ಸ್ಟುಡಿಯೋನೂ ಹೋಯಿತು. ಬಿದ್ದ ಗೋಡೆಗಳ ಮುಂದೆ ನಿಂತು, ಅದೇ ಬಣ್ಣವನ್ನು ಮೈಗೆಲ್ಲ ಹಚ್ಚಿಸಿಕೊಂಡು ಫೋಟೋ ತೆಗೆಸಿದ.

"ಹಚ್ಚೋದು ಬೇರೆಯವರು. ಅವನು ಅಲುಗಾಡದೆ ನಿಂತಿರ್ತಾನೆ."

"ಹಾಗಾದ್ರೆ ಚಿತ್ರ ಯಾರದ್ದೇ?"

"ನಿಂತವನದ್ದು."

ಆಮೇಲೆ 1960ರ ಪ್ಯಾರಿಸ್ ಮಾತು ಬಂತು. ಈವ್ ಕ್ಲೈನ್ ಅನ್ನುವ ಕಲಾವಿದ ಸೂಟು ಹಾಕಿಕೊಂಡು ಹೇಳಿಕೊಡುತ್ತಿದ್ದ, ಹೆಂಗಸರು ಬರಿಮೈಗೆ ನೀಲಿ ಬಳಿದುಕೊಂಡು ಕಾಗದಕ್ಕೆ ಒತ್ತುತ್ತಿದ್ದರು. "ಅಲ್ಲಿ ಮಾತ್ರ ಚಿತ್ರ ಅವನದ್ದೇ ಆಯ್ತು, ನೋಡು" ಅಂದವಳು ಕುಂಚ ಹಿಡಿದು ಸುಮ್ಮನೆ ಕೂತಳು.

ನನಗೆ ನಮ್ಮೂರಿನ ಹಗಲುವೇಷದವರು ನೆನಪಾದರು. ಮುಖಕ್ಕೆಲ್ಲ ನೀಲಿ ಬಳಿದುಕೊಂಡ ರಾಮ ಮನೆಮನೆ ಮುಂದೆ ಹಾಡಿ, ಸಂಜೆ ಕೆರೆ ಏರಿ ಕೆಳಗೆ ಎಣ್ಣೆ ಹಚ್ಚಿ ಮುಖ ಒರೆಸಿಕೊಳ್ಳುತ್ತಿದ್ದ. ರಾಮ ಎಲ್ಲಿ ಹೋದ ಅಂತ ಅತ್ತಿದ್ದೆ. "ನಾಳೆ ಭೀಮ ಬರ್ತಾನೆ, ಸುಮ್ನಿರು" ಅಂದಿದ್ದಳು ಅವ್ವ.

ಫೋಟೋ ಚೆನ್ನಾಗಿ ಬಂದಿದೆ. ಬೆರಳ ಗೆಣ್ಣಿನ ಮೇಲೆ ಕಲ್ಲುಹೂವು ಕೂಡ ಹತ್ತಿದೆ! ಆದರೆ ಕುಂಚ ಮೊದಲು ತಾಗಿದಾಗಿನ ತಂಪು, ಬಿಸಿಲೇರಿದ ಮೇಲೆ ಬಣ್ಣ ಒಣಗಿ ಚರ್ಮ ಬಿಗಿದದ್ದು, ಅದು ಫೋಟೋದಲ್ಲಿಲ್ಲ. ಅಷ್ಟು ಹೊತ್ತು ಆ ಬಂಡೆ ನನ್ನ ಮೈಯೇ ಆಗಿತ್ತು. ಬಚ್ಚಲಲ್ಲಿ ನೀರು ಹಾಕಿದಾಗ ಎರಡೇ ನಿಮಿಷಕ್ಕೆ ಎಲ್ಲ ತೂಬಿಗೆ ಹೋಯಿತು.

ಬಸ್ ಹತ್ತುವ ಮುಂಚೆ ಹೇಳಿದಳು. ಪರೀಕ್ಷೆಗೆ ಗೆಳತಿಯ ಇಡೀ ಬೆನ್ನಿನ ಮೇಲೆ ಕೋಟೆ ಗೋಡೆ ಬರೆಯುತ್ತಾಳಂತೆ. ಗೆಳತಿ ಒಪ್ಪಿದ್ದಾಳೆ. ಚಿನ್ನಿ ತನ್ನ ಅಮ್ಮನಿಗೆ ಇನ್ನೂ ಹೇಳಿಲ್ಲ. "ನೀನೇ ಹೇಳು ದೊಡ್ಡಮ್ಮ."

ಹೆಣ್ಣುಮಕ್ಕಳ ಬೆನ್ನು, ಎಲ್ಲರೂ ನೋಡುತ್ತಾರೆ, ಜನ ಏನಂತಾರೆ. ತಂಗಿ ಇದನ್ನೇ ಕೇಳುತ್ತಾಳೆ. ಬೆಳಗ್ಗೆವರೆಗೆ ನಾನೂ ಅದನ್ನೇ ಕೇಳುತ್ತಿದ್ದೆನೇನೋ. ನಾಳೆ ಮೊದಲು ಕೈ ಫೋಟೋ ಕಳಿಸುತ್ತೇನೆ. ಇದರಲ್ಲಿ ನಾನೆಲ್ಲಿದ್ದೀನಿ ಹುಡುಕು ಅಂತೀನಿ. ಆಮೇಲೆ ಬೆನ್ನಿನ ಮಾತು...