ಬರ್ನೋದಿಂದ ಮೂವತ್ತು ಕಿಲೋಮೀಟರ್

ಇವತ್ತು ನಕಾಶೆಯಲ್ಲಿ ಚೆಕ್ ದೇಶದ ಬರ್ನೋದಿಂದ ದಕ್ಷಿಣಕ್ಕೆ ಪೊಹೊರ್ಝೆಲಿತ್ಸೆವರೆಗೆ ಬೆರಳಾಡಿಸಿದೆ. ಮೂವತ್ತು ಕಿಲೋಮೀಟರ್ ಹತ್ತಿರ. ಕಾರಿಗೆ ಅರ್ಧ ಗಂಟೆ.

ಎರಡನೇ ಮಹಾಯುದ್ಧ ಮುಗಿದ ಬೆನ್ನಿಗೇ, 1945ರ ಮೇ 30ರ ರಾತ್ರಿ, ಚೆಕ್ಕರು ಅದೇ ದಾರಿಯಲ್ಲಿ ಬರ್ನೋದ ಇಪ್ಪತ್ತು ಸಾವಿರಕ್ಕೂ ಹೆಚ್ಚು ಜರ್ಮನ್ ಭಾಷಿಕರನ್ನು ಆಸ್ಟ್ರಿಯಾ ಗಡಿಯತ್ತ ನಡೆಸಿದರು. ಹೆಚ್ಚಿನವರು ಹೆಂಗಸರು, ಮಕ್ಕಳು, ಮುದುಕರು. ದುಡಿಯಬಲ್ಲ ಗಂಡಸರನ್ನು ಕೂಲಿಗೆಂದು ಹಿಂದೆ ಉಳಿಸಿಕೊಂಡಿದ್ದರು. ಕೈಯಲ್ಲಿ ಹಿಡಿದಷ್ಟೇ ಸಾಮಾನು.

ಚೆಕ್ಕರ ಸಿಟ್ಟಿಗೆ ಕಾರಣ ಇತ್ತು. ಅದೇ ಊರಿನ ಕೌನಿಟ್ಸ್ ಹಾಸ್ಟೆಲ್‌ಗಳನ್ನು ನಾಜಿಗಳ ಗುಪ್ತ ಪೊಲೀಸ್ ಪಡೆ ಗೆಸ್ಟಾಪೊ ಜೈಲು ಮಾಡಿಕೊಂಡು ಚೆಕ್ಕರನ್ನು ಅಲ್ಲೇ ಕೊಂದಿತ್ತು. ಆದರೆ ಆ ಲೆಕ್ಕ ಚುಕ್ತಾ ಮಾಡಿದ್ದು ಯಾರ ಮೇಲೆ? ಎಳೆಗೂಸುಗಳ ಮೇಲೆ, ಅಜ್ಜಿಯರ ಮೇಲೆ.

ಜನ ಸತ್ತಿದ್ದು ಬರೀ ಏಟಿಗೆ, ಗುಂಡಿಗೆ ಅಲ್ಲ. ಗಡಿ ದಾಟಲಾಗದವರನ್ನು ಪೊಹೊರ್ಝೆಲಿತ್ಸೆಯ ಶೆಡ್ಡುಗಳಲ್ಲಿ ತುಂಬಿದರು. ಕುಡಿಯೋಕೆ ಒಳ್ಳೆ ನೀರಿಲ್ಲ, ಔಷಧಿ ಇಲ್ಲ, ಒತ್ತೊತ್ತಾಗಿ ಮಲಗಬೇಕು. ರಕ್ತಭೇದಿ ಹಬ್ಬಿತು. ಮೊದಲು ಹೋದವರು ಚಿಕ್ಕವರು, ವಯಸ್ಸಾದವರು. ಅಲ್ಲಿನ ಸಾಮೂಹಿಕ ಸಮಾಧಿಯ ಸ್ಮಾರಕ ಹೇಳೋ ಸಂಖ್ಯೆ 890.

ಮರುವರ್ಷ ಮೇ 8ಕ್ಕೆ ಆಗಿನ ಚೆಕೊಸ್ಲೊವಾಕಿಯಾದಲ್ಲಿ 115ನೇ ಕಾಯ್ದೆ ಬಂತು: 1945ರ ಅಕ್ಟೋಬರ್ 28ರೊಳಗೆ ‘ನ್ಯಾಯಯುತ ಪ್ರತೀಕಾರ’ಕ್ಕಾಗಿ ಮಾಡಿದ್ದು ಅಪರಾಧವೇ ಅಲ್ಲ. ನನ್ನನ್ನು ಹೆಚ್ಚು ಕಾಡೋದು ಇದೇ. ರೊಚ್ಚಿಗೆದ್ದ ಗುಂಪು ಒಂದು ದಿನ ತಣ್ಣಗಾಗುತ್ತೆ; ಇದನ್ನು ತಣ್ಣಗೆ ಕೂತು ಬರೆದಿದ್ದಾರೆ.

2015ರಲ್ಲಿ ಬರ್ನೋ ನಗರಸಭೆ ವಿಷಾದ ವ್ಯಕ್ತಪಡಿಸಿತು. ಈಗ ಅಲ್ಲಿನ ಜನ ಸ್ಮರಣೆಯ ನಡಿಗೆಯನ್ನು ಪೊಹೊರ್ಝೆಲಿತ್ಸೆಯಿಂದ ಶುರು ಮಾಡಿ ಬರ್ನೋಗೆ ವಾಪಸ್ ನಡೀತಾರೆ.