ರೈಟರ್ ದೊಡ್ಡಪ್ಪ ನೋಡಿದ ರೊಮೇನಿಯಾ ಪೊಲೀಸ್

ನಮ್ಮ ದೊಡ್ಡಪ್ಪನಿಗೆ ಪೊಲೀಸ್ ಸಿನಿಮಾ ಅಂದ್ರೆ ಎರಡು ಫೈಟು, ಒಂದು ಜೀಪ್ ಚೇಸು ಇರಲೇಬೇಕು. ಹೋದ ಮಳೆಗಾಲದ ಒಂದು ಭಾನುವಾರ ನಾನು 'ಪೊಲೀಸ್, ಅಡ್ಜೆಕ್ಟಿವ್' ಹಾಕಿಕೊಂಡು ಕೂತಾಗ, ಹೆಸರಲ್ಲೇ ಪೊಲೀಸ್ ಇದೆಯಲ್ಲ ಅಂತ ಅವರೂ ಕುರ್ಚಿ ಎಳೆದುಕೊಂಡರು. ಠಾಣೆಯಲ್ಲಿ ವರ್ಷಗಟ್ಟಲೆ ರೈಟರ್ ಆಗಿದ್ದವರು.

ನನಗೆ ಒಳಗೊಳಗೇ ಭಯ. ರೊಮೇನಿಯಾದ ನಿರ್ದೇಶಕ ಕೊರ್ನೆಲಿಯು ಪೊರುಂಬೊಯು 2009ರಲ್ಲಿ ಮಾಡಿದ ಈ ಸಿನಿಮಾದಲ್ಲಿ ಒಂದು ಗುಂಡೂ ಹಾರೋದಿಲ್ಲ. ಕಥೆ ನಡೆಯೋದು ಅವನು ಹುಟ್ಟಿದ ವಸ್ಲುಯಿ ಅನ್ನೋ ಊರಲ್ಲೇ. ಹಶೀಶ್ ಸೇದುವ ಒಬ್ಬ ಸ್ಕೂಲು ಹುಡುಗನ ಹಿಂದೆ ಕ್ರಿಸ್ತಿ ಅನ್ನೋ ಪೊಲೀಸ್ ದಿನಗಟ್ಟಲೆ ನಡೀತಾನೆ, ಗೋಡೆ ಪಕ್ಕ ನಿಲ್ತಾನೆ, ಮನೆಗೆ ಬಂದು ಒಬ್ಬನೇ ಸೂಪ್ ಕುಡೀತಾನೆ. ಅಷ್ಟೇ.

"ಏನೋ ಇದು, ಬರೀ ನಡೀತಾನೇ ಇದಾನೆ" ಅಂದರು ಹತ್ತು ನಿಮಿಷಕ್ಕೆ. ಎದ್ದು ಹೋಗ್ತಾರೆ ಅಂದುಕೊಂಡೆ. ಅಷ್ಟರಲ್ಲಿ ಕ್ರಿಸ್ತಿ ಕೈಯಲ್ಲಿ ಬರೆದ ವರದಿ ಪರದೆ ತುಂಬಾ ಬಂತು.

"ನಿಲ್ಲಿಸು, ನಿಲ್ಲಿಸು. ಏನು ಬರೆದಿದಾನೆ ಓದು."

ಸಬ್‌ಟೈಟಲ್ ನೋಡಿ ಕನ್ನಡದಲ್ಲಿ ಹೇಳಿದೆ. ಹುಡುಗ ಎಲ್ಲಿಗೆ ಹೋದ, ಯಾರ ಜೊತೆ ನಿಂತ, ಇಂಥದ್ದೇ. ದೊಡ್ಡಪ್ಪ ಮುಂದಕ್ಕೆ ಬಾಗಿದರು. "ಮಫ್ತಿ ಡ್ಯೂಟಿ ಅಂದ್ರೆ ಇದೇ ಕಣೋ. ಕಾಲು ಬಿದ್ದು ಹೋಗುತ್ತೆ, ಬರೆಯೋಕೆ ಏನೂ ಇರಲ್ಲ. ಆದ್ರೂ ಬರೀಬೇಕು." ಮುಂದೆ ಕ್ರಿಸ್ತಿಯ ಹೆಂಡತಿ, ಅವಳು ಟೀಚರ್, ವರದಿಯಲ್ಲಿನ ಒಂದು ಪದದ ಕಾಗುಣಿತ ಈಗ ಬದಲಾಗಿದೆ ಅಂತ ತಿದ್ದುತ್ತಾಳೆ. ಅಲ್ಲಿ ಅವರು ನಕ್ಕಿದ್ದು ಅಡುಗೆಮನೆವರೆಗೂ ಕೇಳಿತು.

ನಡುವೆ ಕಾಫಿ ಬಂತು. ಸುಮ್ನೆ ಇರಲಾರದೆ ನಾನು ಪೊರುಂಬೊಯುವಿನ ಉಳಿದ ಸಿನಿಮಾಗಳ ಪುರಾಣ ತೆಗೆದೆ. 1989ರ ಡಿಸೆಂಬರ್ 22, ರೊಮೇನಿಯಾದ ಸರ್ವಾಧಿಕಾರಿ ಚೌಷೆಸ್ಕು ಜನರ ದಂಗೆಗೆ ಹೆದರಿ ಹೆಲಿಕಾಪ್ಟರ್ ಹತ್ತಿ ಓಡಿಹೋದ ಹೊತ್ತು 12:08. ಅದಕ್ಕೆ ಮೊದಲೇ ನಮ್ಮೂರ ಜನ ಚೌಕಕ್ಕೆ ಬಂದಿದ್ರಾ, ಆಮೇಲೆ ಬಂದ್ರಾ ಅಂತ ಮೂರು ಜನ ಲೋಕಲ್ ಟಿವಿಯಲ್ಲಿ ಕೂತು ಜಗಳ ಆಡೋದೇ ಪೊರುಂಬೊಯುವಿನ ಮೊದಲ ಪೂರ್ಣಾವಧಿ ಚಿತ್ರ. 2006ರಲ್ಲಿ ಕಾನ್ ಚಿತ್ರೋತ್ಸವದಲ್ಲಿ, ಮೊದಲ ಚಿತ್ರಕ್ಕೆ ಕೊಡೋ ಕ್ಯಾಮೆರಾ ದೋರ್ ಪ್ರಶಸ್ತಿ ಅದಕ್ಕೆ ಬಂತು. ಇನ್ನೊಂದರಲ್ಲಿ ಅದೂ ಇಲ್ಲ. ಅವನ ಅಪ್ಪ ರೆಫರಿ ಆಗಿದ್ದ 1988ರ ಫುಟ್‌ಬಾಲ್ ಮ್ಯಾಚಿನ ಹಳೇ ಟೇಪು, ಸುರಿಯೋ ಹಿಮ, ಅದನ್ನು ನೋಡ್ತಾ ಅಪ್ಪ ಮಗ ಆಡಿದ ಮಾತು.

"ಇದಕ್ಕೂ ದುಡ್ಡು ಹಾಕೋರು ಇದ್ರಾ?" ಅಂದರು.

2019ರ 'ದಿ ವಿಸ್ಲರ್ಸ್'ನಲ್ಲಿ ಗುಂಡು, ಕಳ್ಳದುಡ್ಡು, ಶಿಳ್ಳೆ ಭಾಷೆ ಎಲ್ಲಾ ಇದೆ, ಅದನ್ನ ಹಾಕಲಾ ಅಂದೆ. ಬೇಡ, ಇದೇ ಮುಗಿಸು ಅಂದರು. ನನಗೂ ಈ ನಡೆಯೋ ಕ್ರಿಸ್ತಿಯೇ ಜಾಸ್ತಿ ಇಷ್ಟ.

ಕೊನೆಗೆ ಆ ದೃಶ್ಯ. ಕಾನೂನು ಇವತ್ತಲ್ಲ ನಾಳೆ ಬದಲಾಗುತ್ತೆ, ಹುಡುಗನನ್ನು ಹಿಡಿದರೆ ನನ್ನ ಮನಸ್ಸಾಕ್ಷಿ ಚುಚ್ಚುತ್ತೆ ಅಂತ ಕ್ರಿಸ್ತಿ. ಕ್ಯಾಪ್ಟನ್ ಕೂಗಾಡೋದಿಲ್ಲ, ನಿಘಂಟು ತರಿಸ್ತಾನೆ. ಮನಸ್ಸಾಕ್ಷಿ, ಕಾನೂನು, ಪೊಲೀಸ್ ಅಂತ ಒಂದೊಂದೇ ಪದದ ಅರ್ಥ ಅವನ ಬಾಯಿಂದಲೇ ಓದಿಸ್ತಾನೆ. ಕ್ಯಾಮೆರಾ ಅಲ್ಲಾಡಲ್ಲ. ದೊಡ್ಡಪ್ಪನೂ ಅಲ್ಲಾಡಲಿಲ್ಲ, ಕಾಫಿ ಲೋಟದ ಮೇಲೆ ಕೆನೆ ಕಟ್ಟಿತ್ತು. "ಬೈಯೋ ಸಾಹೇಬರೇ ವಾಸಿ" ಅಂತ ಮೆಲ್ಲಗೆ ಅಂದರು.

ಆಮೇಲೆ ಕಪ್ಪು ಹಲಗೆ. ಹುಡುಗನನ್ನು ಹಿಡಿಯೋದು ಎಲ್ಲಿ, ಹೇಗೆ ಅಂತ ಸೀಮೆಸುಣ್ಣದಲ್ಲಿ ಗೀಟು ಎಳೆಯುತ್ತಾ ಕ್ರಿಸ್ತಿ ವಿವರಿಸ್ತಾನೆ. ದೊಡ್ಡಪ್ಪ ಕನ್ನಡಕ ಸರಿ ಮಾಡಿಕೊಂಡು ಲ್ಯಾಪ್‌ಟಾಪ್‌ಗೆ ಮೂಗು ತಾಗೋ ಹಾಗೆ ಬಗ್ಗಿದರು.

"ಸ್ಕೆಚ್ ಪರವಾಗಿಲ್ಲ. ಉತ್ತರ ಯಾವ ಕಡೆ ಅಂತ ಹಾಕಿದಾನಾ, ಸ್ವಲ್ಪ ಹಿಂದಕ್ಕೆ ತಗೋ."